ಕಣದ ಹುಲುಸು

ಕಳೆದ ಮಾಘಮಾಸದಲ್ಲಿ ಒಂದು ದಿನ ಬೆಳಿಗ್ಗೆ ಮಗಳ ಮಗನನ್ನು ಕರೆದುಕೊಂಡು ಹರಿಹರದಿಂದ ದಾವಣಗೆರೆಗೆ ಬಸ್ಸಿನಲ್ಲಿ ಹೊರಟಿದ್ದೆನು. ದಾರಿ ಸುಮಾರು 14 ಕಿಲೋಮೀಟರು ಮಾತ್ರ. ನಡುವೆ ಒಂದು ಕಡೆ ರಸ್ತೆಯ ಅರ್ಧವನ್ನು ಆಕ್ರಮಿಸುವಂತೆ ರಾಗಿಯ ತೆನೆಗಳನ್ನು ಹರವಿದ್ದರು. ನಮ್ಮ ಬಸ್ಸೂ, ಹಿಂದೆ ಬಂದ ಲಾರಿಯೂ, ಅದರ ಹಿಂದಿನ ಮೋಟಾರು ಸೈಕಲ್ಲೂ ಆ ತೆನೆಗಳ ಮೇಲೆಯೇ ಹಾದುಹೋದುವು. ಮೋಟಾರು ಸೈಕಲ್ಲಿನವನು ಜಾರಿ ಬೀಳುವುದರಲ್ಲಿದ್ದು ಹೇಗೋ ಸಾವರಿಸಿಕೊಂಡನು.

"ಅಜ್ಜಾ, ತಿನ್ನೋ ರಾಗಿ ಮೇಲೆ ಬಸ್ ಯಾಕೆ ಓಡಿಸ್ತಾರೆ?" ಎಂದು ಎಂಟು ವರ್ಷದ ಹುಡುಗನು ಕೇಳಿದನು.

"ಅದು ಈ ಕಾಲದ ಕಣ, ಮರಿ" ಎಂದೆನು.

"ಕಣ ಅಂದ್ರೆ ಎಲೆಕ್ಷನ್ನಿಗೆ ನಿಲ್ಲೋದಲ್ವಾ?" ಎಂದನು.

ಬಸ್ಸಿನಲ್ಲಿದ್ದ ನಾಲ್ಕಾರು ಮಂದಿ ನಕ್ಕರು. ನಾನೂ ನಕ್ಕೆನು, ಆದರೆ ಆ ನಗು ಬಹಳ ಹೊತ್ತು ನಿಲ್ಲಲಿಲ್ಲ. ಹುಡುಗನ ತಪ್ಪು ಏನೂ ಇರಲಿಲ್ಲವಷ್ಟೆ. ಚುನಾವಣೆಯ ಕಣವನ್ನು ಅವನು ಪತ್ರಿಕೆಯಲ್ಲಿ ನೋಡಿರುವನು. ವಿಜ್ಞಾನದ ಪುಸ್ತಕದಲ್ಲಿ ಅತಿಸೂಕ್ಷ್ಮವಾದ ಕಣವನ್ನು ಓದುವನು. ಒಕ್ಕಲು ಮಕ್ಕಳು ವರ್ಷದ ದುಡಿಮೆಯನ್ನೆಲ್ಲ ತಂದು ಸುರಿಯುತ್ತಿದ್ದ ಕಣವನ್ನು ಮಾತ್ರ ಅವನು ನೋಡಿಯೇ ಇಲ್ಲ. ಅವನಿಗೆ ಆ ದಿನ ದಾರಿಯಲ್ಲಿ ಹೇಳಿದುದನ್ನೇ, ಇನ್ನೂ ಕೆಲವು ಮಾತುಗಳನ್ನು ಸೇರಿಸಿ, ವಾಚಕ ಮಹಾಶಯರ ಮುಂದೆ ಇಡಬೇಕೆಂದು ಈ ಲೇಖನವನ್ನು ಬರೆಯುತ್ತಿದ್ದೇನೆ.

ಕಣವನ್ನು ಕಟ್ಟುತ್ತಿದ್ದ ಬಗೆ

ಹಳಗನ್ನಡದಲ್ಲಿ ಇದಕ್ಕೆ 'ಕಳ'ವೆಂದು ಹೆಸರು, ಸಂಸ್ಕೃತದಲ್ಲಿ 'ಖಲ'ವೆಂಬರು. ಸುಗ್ಗಿಯ ಮುಂಚೆ ಊರ ಹೊರಗಿನ ಗಟ್ಟಿ ನೆಲವೊಂದನ್ನು ಆರಿಸಿ, ಕಳೆ ಕಿತ್ತು, ಕಲ್ಲು ಹೆಕ್ಕಿ, ನೀರು ಚಿಮುಕಿಸಿ, ದನಗಳಿಂದ ತುಳಿಸುತ್ತಿದ್ದರು. ನೆಲವು ಬಿರುಕಿಲ್ಲದೆ ಗಟ್ಟಿಯಾದ ಮೇಲೆ ಹೆಂಗಸರು ಸಗಣಿಯ ಬಗ್ಗಡದಿಂದ ಸಾರಿಸುವರು. ಮಣ್ಣಿನ ಒಂದು ಹರಳೂ ಧಾನ್ಯದೊಡನೆ ಬೆರೆಯದಂತೆ ಆ ನೆಲವು ನಮ್ಮ ಮನೆಯ ಪಡಸಾಲೆಗಿಂತಲೂ ನುಣುಪಾಗಿರುತ್ತಿದ್ದಿತು.

ಕಣದ ನಡುವೆ ಒಂದು ಕಂಬವನ್ನು ನೆಡುವರು. ಅದೇ ಮೇಟಿ. ಬೇಸಾಯಕ್ಕೇ 'ಮೇಟಿವಿದ್ಯೆ' ಎಂಬ ಹೆಸರುಂಟು. ಎತ್ತುಗಳನ್ನು ಸಾಲಾಗಿ ಕಟ್ಟಿ, ಒಳಗಿನ ಎತ್ತನ್ನು ಮೇಟಿಗೆ ಸೇರಿಸಿ, ತೆನೆಗಳ ಮೇಲೆ ಸುತ್ತು ಹೊಡೆಸುವುದಕ್ಕೆ ಹಂತಿಯೆಂದು ಹೆಸರು. ರೋಣಗಲ್ಲು ಇದ್ದವರು ಅದನ್ನು ಎಳೆಸುತ್ತಿದ್ದರು. ಹಂತಿಯು ಅನೇಕವೇಳೆ ರಾತ್ರಿಯೆಲ್ಲ ನಡೆಯುವುದು. ಹೊಡೆಯುವವನಿಗೂ ಎತ್ತಿಗೂ ತೂಕಡಿಕೆ ಬಾರದಂತೆ ಹಾಡು ಬೇಕು. ಆದುದರಿಂದಲೇ ಹಂತಿಯ ಪದಗಳೆಂಬ ದೀರ್ಘವಾದ ಕಥನಗೀತಗಳು ನಮ್ಮ ಸೀಮೆಯಲ್ಲಿಯೂ ಬಳ್ಳಾರಿ ಧಾರವಾಡದ ಕಡೆಯಲ್ಲಿಯೂ ಬೆಳೆದುವು.

ತುಳಿದಾದ ಮೇಲೆ ಗಾಳಿ ನೋಡಿ ತೂರುವುದು. ಮೂರು ಕಾಲಿನ ಎತ್ತರದ ಮಣೆಯ ಮೇಲೆ ನಿಂತು ಮೊರದಿಂದ ಸುರಿದರೆ ಹೊಟ್ಟು ದೂರ ಹಾರಿ, ಕಾಳು ಕಾಲ ಬುಡದಲ್ಲಿ ಬೀಳುವುದು. ಆ ಕಾಳನ್ನು ಕೂಡಿಸಿದರೆ ರಾಶಿ. ಇಲ್ಲಿಯವರೆಗೆ ನಡೆದುದು ಕೆಲಸ. ರಾಶಿಯಾದ ಬಳಿಕ ಪ್ರಾರಂಭವಾಗುತ್ತಿದ್ದುದು ಮಂತ್ರವಿದ್ಯೆಯೆಂದೇ ಬಾಲ್ಯದಲ್ಲಿ ನನ್ನ ಭಾವನೆಯಾಗಿದ್ದಿತು.

ರಾಶಿಯ ಕಟ್ಟಳೆಗಳು

ರಾಶಿಯ ನೆತ್ತಿಯ ಮೇಲೆ ಗರಿಕೆ ಸಿಕ್ಕಿಸಿದ ಸಗಣಿಯ ಬೆನಕನನ್ನು ಕೂರಿಸುವರು. ಸುತ್ತಲೂ ಬೂದಿಯಿಂದ ಗೆರೆ ಎಳೆಯುವರು. ಕುಡುಗೋಲು, ಮೊರ, ಕೊಳಗ ಎಲ್ಲಕ್ಕೂ ಪೂಜೆಯಾಗುವುದು. ಗೆರೆಯೊಳಕ್ಕೆ ಕೆರ ಮೆಟ್ಟಿಕೊಂಡು ಯಾರೂ ಬರಕೂಡದು. ಅಳೆಯುವಾಗ ಮಾತನಾಡಕೂಡದು, 'ಎಷ್ಟಾಯಿತು' ಎಂದು ಕೇಳಲಂತೂ ಕೂಡದು. ಮೊದಲನೆಯ ಕೊಳಗವನ್ನು 'ಒಂದು' ಎಂದು ಎಣಿಸದೆ 'ಲಾಭ' ಎಂದು ಎಣಿಸಬೇಕು. ಲಾಭ, ಎರಡು, ಮೂರು ಎಂದು ಸಾಗಿ ಇಪ್ಪತ್ತು ಕೊಳಗವಾದರೆ ಒಂದು ಖಂಡುಗ. ಈ ಕಟ್ಟಳೆಗಳಲ್ಲಿ ಒಂದು ತಪ್ಪಿದರೂ ರಾಶಿಯ 'ಹುಲುಸು' ಹೋಗುವುದೆಂದು ಹಿರಿಯರ ನಂಬಿಕೆ.

ಹುಲುಸೆಂದರೆ ಬರಿಯ ಹೆಚ್ಚಳವಲ್ಲ. ಹತ್ತು ಖಂಡುಗ ಬೆಳೆದರೂ ಯುಗಾದಿಯ ಹೊತ್ತಿಗೆ ಬರಿದಾಗುವ ಮನೆಯುಂಟು. ಮೂರು ಖಂಡುಗ ಬೆಳೆದು ಮುಂದಿನ ಸುಗ್ಗಿಯವರೆಗೆ ಉಣ್ಣುವ ಮನೆಯೂ ಉಂಟು. ಎರಡನೆಯದರಲ್ಲಿ ಹುಲುಸಿದೆಯೆಂದು ಹೇಳುವರು. ತುಳುವಿನ 'ಪೊಲಿ', ತಮಿಳಿನ 'ಪೊಲಿ' ಇವು ಈ ಪದದ ಬಂಧುಗಳು. ಕೊಡಗಿನವರು ಹುತ್ತರಿಯ ರಾತ್ರಿ ಮೊದಲ ಕದಿರು ಕೊಯ್ಯುವಾಗ 'ಪೊಲಿ ಪೊಲಿ' ಎಂದು ಕೂಗುವುದೂ ಈ ಹುಲುಸನ್ನೇ ಕರೆಯುವುದಾಗಿದೆ.

ನನ್ನ ತಪ್ಪು

ನನ್ನ ತಂದೆಯವರು ಹರಿಹರಕ್ಕೆ ಸಮೀಪದ ಒಂದು ಗ್ರಾಮದಲ್ಲಿ ಜೋಯಿಸರಾಗಿದ್ದರು. ಬಡಗಿ, ಕಮ್ಮಾರ, ಕುಂಬಾರ, ಅಗಸ, ಕ್ಷೌರಿಕ, ತಳವಾರ, ನೀರಗಂಟಿ ಮೊದಲಾದ ಆಯಗಾರರಿಗೆ ಸುಗ್ಗಿಯಲ್ಲಿ ಸಲ್ಲುವ ಆಯದಲ್ಲಿ ನಮ್ಮದೂ ಒಂದು ಪಾಲು. ವಂಶಪಾರಂಪರ್ಯದ ಗ್ರಾಮಾಧಿಕಾರಗಳನ್ನು 1961ರ ಕಾಯಿದೆಯೇ ತೆಗೆದುಹಾಕಿದ್ದರೂ, ನಮ್ಮೂರಿನ ಕಣದಲ್ಲಿ ಆಯವನ್ನು ಅಳೆಯುವ ರೂಢಿಯು 1970ರ ದಶಕದಲ್ಲಿಯೂ ಉಳಿದಿದ್ದಿತು. ಧರ್ಮಶಾಸ್ತ್ರ ಬಲ್ಲ ಮನೆಯೆಂದು ಊರಿನಲ್ಲಿ ಗೌರವವಿದ್ದುದು ನಿಜ. ಆದರೆ ಆ ಪಾಲು ಬಾರದಿದ್ದರೆ ನಮ್ಮ ಒಲೆ ಹೊತ್ತುತ್ತಿರಲಿಲ್ಲವೆಂಬುದೂ ನಿಜ.

ನನಗೆ ಒಂಬತ್ತು ವರ್ಷವಾಗಿದ್ದಾಗ ತಂದೆಯವರಿಗೆ ಜ್ವರ ಬಂದುದರಿಂದ ಪಾಲನ್ನು ತರಲು ನನ್ನನ್ನು ಕಳುಹಿಸಿದರು. ಇಳಿಹೊತ್ತು. ರಾಗಿಯ ರಾಶಿಯ ಮುಂದೆ ಮನೆಯ ಯಜಮಾನನಾದ ಮುದುಕನು ಕುಳಿತು ಅಳೆಯುತ್ತಿದ್ದನು. ಸುತ್ತಲೂ ಎಂಟು ಹತ್ತು ಮಂದಿ ಚೀಲ, ಪಂಚೆ ಹಿಡಿದು ಕುಳಿತಿದ್ದರು. ಕೊಳಗದಿಂದ ಕಾಳು ಸುರಿಯುವ ಸದ್ದು, ಅವನ ಎಣಿಕೆ, ಇವೆರಡೇ ಕೇಳುತ್ತಿದ್ದುವು. ನನಗೆ ಹಸಿವು, ಅಷ್ಟೇ ಅಲ್ಲದೆ ಶಾಲೆಯಲ್ಲಿ ಲೆಕ್ಕದಲ್ಲಿ ಮೊದಲಿಗನೆಂಬ ಜಂಬ. "ಎಷ್ಟಾತು, ಅಜ್ಜಾ?" ಎಂದು ಗಟ್ಟಿಯಾಗಿ ಕೇಳಿಬಿಟ್ಟೆನು.

ಮುದುಕನ ಕೈ ನಿಂತಿತು. ಒಂದು ಕ್ಷಣ ಕಣ್ಣು ಮುಚ್ಚಿದನು. ಬಳಿಕ ಅಳೆದಿದ್ದ ರಾಗಿಯನ್ನೆಲ್ಲ ತಿರುಗಿ ರಾಶಿಗೆ ಸುರಿಸಿದನು. ಹೊತ್ತು ಮುಳುಗುವುದರಲ್ಲಿದ್ದಿತು. ಯಾರೊಬ್ಬರೂ ನನ್ನನ್ನು ಬಯ್ಯಲಿಲ್ಲ. ಅದೇ ನನಗೆ ಹೆಚ್ಚು ಹೆದರಿಕೆಯನ್ನುಂಟುಮಾಡಿತು. ಲಾಂದ್ರ ತಂದರು. ಮುದುಕನು ಬೆನಕನಿಗೆ ಕೈಮುಗಿದು, 'ಲಾಭ' ಎಂದು ಮೊದಲಿನಿಂದ ಪ್ರಾರಂಭಿಸಿದನು.

ಎಲ್ಲವೂ ಮುಗಿದ ಮೇಲೆ ನನ್ನ ಚೀಲಕ್ಕೆ ನಮ್ಮ ಪಾಲನ್ನು ಅಳೆದು ಹಾಕಿ, ಮೇಲೆ ಒಂದು ಬೊಗಸೆ ಸುರಿದು, "ಮರಿ ಅಯ್ನೋರೇ, ಕಣದಾಗ ಎಣಿಸೋನು ಒಬ್ಬ, ನೋಡೋರು ಹತ್ತು ಮಂದಿ. ನಡುವೆ ಮಾತು ಬಂದ್ರ ಹುಲುಸು ಹೋಗ್ತೈತಿ" ಎಂದನು.

ನಾನು ಮಂತ್ರ ಕೆಡಿಸಿದ ಪಾಪಿಯೆಂದು ಬಹಳ ದಿನ ಕೊರಗಿದೆನು. ಮುಂದೆ ವಿದ್ಯಾರ್ಥಿಯಾಗಿ ಪಟ್ಟಣ ಸೇರಿದ ಮೇಲೆ ಇವೆಲ್ಲ ಮೌಢ್ಯವೆಂದು ನಕ್ಕೆನು. ಈ ಎರಡು ಭಾವನೆಗಳೂ ತಪ್ಪೆಂದು ತಿಳಿಯುವುದಕ್ಕೆ ನನಗೆ ಇನ್ನೂ ಬಹಳ ವರ್ಷಗಳು ಬೇಕಾದುವು.

ಗ್ರಂಥದಲ್ಲಿ ಕಂಡದ್ದು

ಸಂಸ್ಕೃತಾಭ್ಯಾಸದ ಕಾಲದಲ್ಲಿ ಅಮರಕೋಶದ ವೈಶ್ಯವರ್ಗವನ್ನು ಬಾಯಿಪಾಠ ಮಾಡುವಾಗ, ಕಣದಲ್ಲಿ ಪಶುಗಳನ್ನು ಕಟ್ಟಲು ನೆಟ್ಟ ಕಂಬಕ್ಕೆ 'ಮೇಧಿ' ಎಂದು ಹೆಸರಿರುವುದನ್ನು ಕಂಡು ಬೆರಗಾದೆನು. ನಮ್ಮ ಮೇಟಿಯೇ ಇದು! ತರುವಾಯ 'ಕೃಷಿಪರಾಶರ'ವೆಂಬ ಪ್ರಾಚೀನ ಗ್ರಂಥವು ಕೈಗೆ ಬಂದಿತು. ಮಾರ್ಗಶಿರದಲ್ಲಿ ನೆಲವನ್ನು ಅಗೆದು, ಸಮಮಾಡಿ, ಗೋಮಯದಿಂದ ಸಾರಿಸಿ, ಶುಭದಿನದಲ್ಲಿ ಮೇಧಿಯನ್ನು ನೆಡಬೇಕೆಂದು ಅದರಲ್ಲಿ ಹೇಳಿದೆ. ಆ ಕಂಬವು ಆಲ, ಅತ್ತಿ ಮುಂತಾದ ಹಾಲು ಒಸರುವ ಮರದ್ದಾದರೆ ಶ್ರೇಷ್ಠವೆಂದಿದೆ. ಧಾನ್ಯವನ್ನು ಅಳೆಯುವಾಗ ಎಡಕ್ಕೆ ಸುತ್ತಿ ಬರುವಂತೆ ಅಳೆಯಬೇಕು, ಬಲಕ್ಕೆ ಸುತ್ತಿದರೆ ಕ್ಷಯವೆಂದೂ ವಿಧಿಸಿದೆ. ಬೆಳೆಯನ್ನು ಕೊಯ್ಯುವ ಮುನ್ನ ಪುಷ್ಯಮಾಸದಲ್ಲಿ ಊರವರೆಲ್ಲ ಹೊಲದ ಬಳಿ ಸೇರಿ ಉಂಡು ಸಂತೋಷಪಡಬೇಕೆಂದೂ ಇದೆ. ನಮ್ಮವರು ಸೀಗೆ ಹುಣ್ಣಿಮೆಯ ದಿನ ಭೂಮಿತಾಯಿಯನ್ನು ಬಸುರಿಯೆಂದು ಭಾವಿಸಿ, ಬಯಕೆಯ ಅಡಿಗೆ ಮಾಡಿ, ಹೊಲದಲ್ಲಿ ಚರಗ ಚೆಲ್ಲಿ, ಅಲ್ಲಿಯೇ ಕುಳಿತು ಉಣ್ಣುವುದು ನೆನಪಿಗೆ ಬಂದಿತು.

ನಮ್ಮೂರಿನ ಮೇಟಿಯೂ ಅತ್ತಿಯ ಮರದ್ದಾಗಿದ್ದಿತು. ಕಾರಣವೇನೆಂದು ಕೇಳಿದಾಗ "ಹಾಲು ಬರೋ ಮರಾನೇ ಆಗ್ಬೇಕು" ಎಂದಷ್ಟೇ ಹೇಳಿದ್ದರು. ಅಕ್ಷರ ಬಾರದ ಮುದುಕನಿಗೆ ಪರಾಶರನ ಶ್ಲೋಕ ಗೊತ್ತಿರಲಿಲ್ಲ. ಪರಾಶರನಾದರೂ ಇದನ್ನು ಒಕ್ಕಲಿಗನ ಕಣದಿಂದಲೇ ಕಲಿತಿರಬೇಕೆಂದು ನನಗೆ ತೋರುತ್ತದೆ.

ಬೇರೆ ದೇಶಗಳಲ್ಲಿಯೂ ಹೀಗೆಯೇ. ಮಲಿನೋವ್‌ಸ್ಕಿಯೆಂಬ ಪಂಡಿತನು ನ್ಯೂಗಿನಿಯ ಸಮೀಪದ ಟ್ರೋಬ್ರಿಯಂಡ್ ದ್ವೀಪಗಳಲ್ಲಿ ಕೆಲಕಾಲ ವಾಸಮಾಡಿ, ಅಲ್ಲಿನವರ ತೋಟದ ಮಂತ್ರವಿದ್ಯೆಯನ್ನು ಕುರಿತು 1935ರಲ್ಲಿ ಒಂದು ದೊಡ್ಡ ಗ್ರಂಥವನ್ನು ಪ್ರಕಟಿಸಿದನು. ಅಲ್ಲಿಯ ಜನರು ಮಂತ್ರವೊಂದರಿಂದಲೇ ಗೆಣಸು ಬೆಳೆಯುವುದೆಂದು ನಂಬಿ ಕೈಕಟ್ಟಿ ಕೂರುವವರಲ್ಲ. ಮಂತ್ರವಾದಿಯು ಒಂದೊಂದು ಕರ್ಮಕ್ಕೂ ದಿನ ಗೊತ್ತುಮಾಡಿ ಊರಿನವರೆಲ್ಲ ಕಾಲಕ್ಕೆ ಸರಿಯಾಗಿ ಕೂಡಿ ದುಡಿಯುವಂತೆ ಮಾಡುವನೆಂದು ಅವನು ಕಂಡುಕೊಂಡನು.

ಹುಲುಸಿನ ಒಳಗುಟ್ಟು

ಈ ದೃಷ್ಟಿಯಿಂದ ನಮ್ಮ ಕಣವನ್ನು ನೋಡಿದರೆ ಕಟ್ಟಳೆಗಳ ಅರ್ಥವು ಸ್ಪಷ್ಟವಾಗುವುದು. ಕೆರ ಕಳಚಿದರೆ ಕಾಳಿನಲ್ಲಿ ಕಲ್ಲು ಬೀಳದು. ಬೂದಿಯ ಗೆರೆಯಿದ್ದರೆ ಇರುವೆ ಸುಲಭವಾಗಿ ದಾಟದು. ರಾತ್ರಿ ಯಾರಾದರೂ ಕೈಹಾಕಿದರೆ ಬೆಳಿಗ್ಗೆ ಹೆಜ್ಜೆ ತೋರುವುದು. ಇವು ಸಣ್ಣ ಲಾಭಗಳು. ದೊಡ್ಡದಾದುದು ಮೌನ. ಅಳೆಯುವವನು ಎಣಿಕೆ ತಪ್ಪಿದರೆ ಮನೆಯವನಿಗೆ ಮಾತ್ರವೇ ನಷ್ಟವಲ್ಲ. ಸುತ್ತ ಕುಳಿತ ಬಡಗಿಗೂ ಕಮ್ಮಾರನಿಗೂ ತಮ್ಮ ಪಾಲಿನ ವಿಷಯದಲ್ಲಿ ಸಂಶಯ ಹುಟ್ಟುವುದು. ಸಂಶಯ ಹುಟ್ಟಿದರೆ ಮುಂದಿನ ವರ್ಷ ನೇಗಿಲು ಮುರಿದಾಗ ಬಡಗಿಯು ಎರಡು ದಿನ ತಡಮಾಡುವನು, ಹದ ತಪ್ಪುವುದು, ಬೆಳೆ ತಗ್ಗುವುದು. ಹುಲುಸು ಹೋಗುವುದೆಂದರೆ ಇದೇ ಅಲ್ಲವೆ? ಆ ಮುದುಕನು ಹೊತ್ತು ಮುಳುಗುತ್ತಿದ್ದರೂ ರಾಶಿಯನ್ನು ಮತ್ತೆ ಮೊದಲಿನಿಂದ ಅಳೆದದ್ದು ದೇವತೆಯ ಭಯದಿಂದ ಮಾತ್ರವಲ್ಲ. ಹತ್ತು ಮಂದಿಯ ಕಣ್ಣೆದುರಿಗೆ ಅಳೆದ ಅಳತೆಯಲ್ಲಿ ಹತ್ತು ಮಂದಿಗೂ ವಿಶ್ವಾಸವಿರಬೇಕು. ಆ ವಿಶ್ವಾಸಕ್ಕೆ ಹುಲುಸೆಂದು ಹೆಸರು ಎಂಬುದು ನನ್ನ ನಮ್ರವಾದ ಅಭಿಪ್ರಾಯ.

ಪಾಲು ಆಯಗಾರರಿಗೆ ಮುಗಿಯುತ್ತಿರಲಿಲ್ಲ. ಕೊಯ್ದ ಹೊಲದಲ್ಲಿ ಉದುರಿದ ತೆನೆಗಳನ್ನು ಬಡವರು ಆಯ್ದುಕೊಳ್ಳುವುದಕ್ಕೆ ಹಕ್ಕಲು ಎಂದು ಹೆಸರು. ಬಿದ್ದುದನ್ನು ಬೆಳೆದವನು ತಿರುಗಿ ಆಯಬಾರದು. ಇದನ್ನೇ ನಮ್ಮ ಶಾಸ್ತ್ರಗಳು ಉಂಛ, ಶಿಲವೆಂದು ಕರೆದು, ಮನುವು ಆ ಜೀವನಕ್ಕೆ 'ಋತ'ವೆಂಬ ಹಿರಿಯ ಹೆಸರನ್ನು ಕೊಟ್ಟಿದ್ದಾನೆ. ಮಹಾಭಾರತದ ಆಶ್ವಮೇಧಿಕ ಪರ್ವದ ಮುಂಗುಸಿಯ ಕಥೆಯನ್ನು ಕೇಳದವರಾರು? ಹಕ್ಕಲಾಯ್ದು ಬದುಕುತ್ತಿದ್ದ ಬ್ರಾಹ್ಮಣನ ಮನೆಯವರು ತಮ್ಮ ಹಿಟ್ಟನ್ನೆಲ್ಲ ಅತಿಥಿಗೆ ಕೊಟ್ಟ ಸ್ಥಳದಲ್ಲಿ ಹೊರಳಿ ಅದರ ಅರ್ಧ ಮೈ ಚಿನ್ನವಾಯಿತು. ಧರ್ಮರಾಯನ ಮಹಾಯಜ್ಞದಲ್ಲಿ ಹೊರಳಿದರೂ ಉಳಿದರ್ಧ ಚಿನ್ನವಾಗಲಿಲ್ಲ. ಯೆಹೂದ್ಯರ ಧರ್ಮಗ್ರಂಥವೂ ಹೊಲದ ಅಂಚನ್ನು ಪೂರ್ತಿಯಾಗಿ ಕೊಯ್ಯದೆ, ಬಿದ್ದ ತೆನೆಯನ್ನು ಬಡವರಿಗೂ ಪರದೇಶಿಗಳಿಗೂ ಬಿಡಬೇಕೆಂದು ಆಜ್ಞಾಪಿಸುತ್ತದೆ. ಬೆಳೆದವನ ಕೈಯಿಂದ ಜಾರಿದ ಕಾಳಿಗೂ ಒಡೆಯರಿದ್ದಾರೆ ಎಂಬ ವಿವೇಕವು ಒಂದೇ ಜನಾಂಗದ ಸ್ವತ್ತಲ್ಲ.

ಗೆರೆಯ ಆಚೆ ನಿಂತವಳು

ಇಷ್ಟನ್ನು ಹೇಳಿ ನಿಲ್ಲಿಸಿದರೆ ನಾನು ಅರ್ಧಸತ್ಯವನ್ನು ಹೇಳಿದಂತಾಗುವುದು. ಅದೇ ಸಂಜೆ ಬೂದಿಯ ಗೆರೆಯಿಂದ ಹತ್ತು ಮಾರು ದೂರದಲ್ಲಿ ಒಬ್ಬ ಹೆಂಗಸು ನಿಂತಿದ್ದಳು. ಆ ಹೊಲದ ಕಳೆಯನ್ನು ಕಿತ್ತವಳು, ತೆನೆಯನ್ನು ಕೊಯ್ದವಳು, ಹೊರೆಯನ್ನು ಹೊತ್ತು ತಂದವಳು ಅವಳೇ. ಆದರೆ ಅವಳ ಜಾತಿಯವರು ಗೆರೆಯ ಒಳಕ್ಕೆ ಬರುವಂತಿರಲಿಲ್ಲ. ಏನೂ ದುಡಿಯದ ನಾನು ರಾಶಿಯ ಪಕ್ಕದಲ್ಲಿ ಕುಳಿತಿದ್ದೆನು. ಎಲ್ಲರ ಪಾಲೂ ಆದ ಮೇಲೆ, ಕಣದ ತಳದಲ್ಲಿ ಮಣ್ಣು ಬೆರೆತು ಉಳಿದ ಕಾಳನ್ನು ಗುಡಿಸಿ ದೂರದಿಂದಲೇ ಅವಳ ಸೆರಗಿಗೆ ಸುರಿದರು. ನನ್ನ ಚೀಲದ ರಾಗಿ ಹಸನಾಗಿದ್ದಿತು. ಅವಳು ನನ್ನ ಕಡೆಗೆ ಒಮ್ಮೆ ನೋಡಿ, ಏನೂ ಹೇಳದೆ ಹೊರಟುಹೋದಳು.

ಶಾಸ್ತ್ರದ ಮಾತುಗಳನ್ನು ಎಷ್ಟು ಹೇಳಿದರೂ ಆ ನೋಟಕ್ಕೆ ನನ್ನಲ್ಲಿ ಉತ್ತರವಿಲ್ಲ. ಇರುವೆಯನ್ನು ತಡೆಯಲು ಎಳೆದ ಗೆರೆಯು ಮನುಷ್ಯರನ್ನು ತಡೆಯಿತು. ವಿಶ್ವಾಸವೇ ಹುಲುಸಾದರೆ, ಅವಳನ್ನು ಹೊರಗಿಟ್ಟ ರಾಶಿಯ ಹುಲುಸು ಪೂರ್ಣವಾಗಿರಲಿಲ್ಲವೆಂದೇ ಹೇಳಬೇಕು. ಹರಿಹರದಲ್ಲಿ ಹೊಯ್ಸಳರ ದಂಡನಾಯಕನಾದ ಪೊಲಾಳ್ವನು ಹದಿಮೂರನೆಯ ಶತಮಾನದಲ್ಲಿ ಕಟ್ಟಿಸಿದ ದೇವಾಲಯದೊಳಗೆ ಅರ್ಧ ಹರಿ, ಅರ್ಧ ಹರನಾಗಿ ಒಂದೇ ಮೂರ್ತಿ ನಿಂತಿದೆ. ಎಂಟು ಶತಮಾನಗಳಿಂದ ಆ ಮೂರ್ತಿಯ ನೆರಳಿನಲ್ಲಿದ್ದುಕೊಂಡೇ ನಾವು ಅರ್ಧ ಮಂದಿಯನ್ನು ಗೆರೆಯ ಆಚೆ ನಿಲ್ಲಿಸಿದೆವಲ್ಲ!

ಕಣವು ಹೋದ ಬಗೆ

ಲಕ್ಕವಳ್ಳಿಯಲ್ಲಿ 1947ರಲ್ಲಿ ಪ್ರಾರಂಭವಾದ ಭದ್ರಾ ಅಣೆಕಟ್ಟಿನ ಕೆಲಸವು 1960ರ ದಶಕದಲ್ಲಿ ಮುಗಿದು, ಕಾಲುವೆಯ ನೀರು ದಾವಣಗೆರೆ ಹರಿಹರದ ಹೊಲಗಳಿಗೆ ಹರಿಯಿತು. ರಾಗಿ ಜೋಳದ ನೆಲವು ಗದ್ದೆಯಾಯಿತು. ವರ್ಷಕ್ಕೆ ಎರಡು ಬೆಳೆ ಬಂದಿತು. ಎರಡು ಬೆಳೆಯ ನೆಲದಲ್ಲಿ ಕಣಕ್ಕೆ ಜಾಗವನ್ನು ಬಿಡುವವರಾರು? ಎತ್ತುಗಳು ಕಡಮೆಯಾದುವು. ನೀರಿಲ್ಲದ ಕಡೆ ಮೆಕ್ಕೆಜೋಳ ಬಂದಿತು. ಈಗ ಬಾಡಿಗೆಯ ಕೊಯ್ಲುಯಂತ್ರವು ಗದ್ದೆಗೆ ಇಳಿದು, ಕೊಯ್ಯುವುದು, ಬಡಿಯುವುದು, ತೂರುವುದು ಮೂರನ್ನೂ ಒಂದೇ ಸಲ ಮಾಡಿ, ಸ್ವಲ್ಪ ಹೊತ್ತಿನಲ್ಲಿಯೇ ಭತ್ತವನ್ನು ಟ್ರಾಕ್ಟರಿಗೆ ಸುರಿಯುತ್ತದೆ. ರಾಗಿ ಬೆಳೆದ ಚಿಕ್ಕ ಹಿಡುವಳಿಗಾರನು ಕಣವಿಲ್ಲದೆ ರಸ್ತೆಗೆ ಬರುತ್ತಾನೆ.

ಇದನ್ನು ನಾನು ಹಳಿಯಲಾರೆನು. ಬೆನ್ನು ಬಾಗಿಸಿ ಕೊಯ್ಯುತ್ತಿದ್ದ ಹೆಂಗಸರ ಸೊಂಟದ ನೋವನ್ನು ನೋಡಿದವರು ಯಂತ್ರವನ್ನು ಹಳಿಯುವುದಿಲ್ಲ. ಆಯದ ಚೀಲ ಹಿಡಿದು ಕೂರುತ್ತಿದ್ದವರ ಮಕ್ಕಳು ಸಂಬಳದ ಕೆಲಸ ಹಿಡಿದಿದ್ದಾರೆ, ನಾನೂ ಅವರಲ್ಲೊಬ್ಬನು. ಗೆರೆಯೂ ಕಣದೊಡನೆ ಹೋದುದು ಸಂತೋಷವೇ. ಆದರೆ ಗೆರೆಯೊಡನೆ ಹತ್ತು ಮಂದಿಯ ಎದುರಿಗೆ ಅಳೆಯುವ ಆ ಅಳತೆಯೂ ಹೋಯಿತು. ತಾನು ಬೆಳೆದುದರ ತೂಕವನ್ನು ರೈತನು ಈಗ ಪರರ ತಕ್ಕಡಿಯಲ್ಲಿ ನೋಡಿ ತಿಳಿಯಬೇಕು. ಹಕ್ಕಲಾಯುವವರಿಗೆ ಯಂತ್ರದ ಹಿಂದೆ ಉಳಿಯುವುದು ಅಲ್ಪ. ರಸ್ತೆಯ ಮೇಲೆ ಹರವಿದ ತೆನೆಯಿಂದ ಕಾಳಿಗೂ ಕೇಡು, ದಾರಿಗನಿಗೂ ಅಪಾಯ. ಊರಿಗೊಂದು ಸಾಮಾನ್ಯವಾದ ಒಕ್ಕಣೆಯ ಕಟ್ಟೆಯನ್ನು, ಯಾವ ಗೆರೆಯೂ ಇಲ್ಲದೆ ಎಲ್ಲರಿಗೂ ಸಲ್ಲುವಂತೆ ಗ್ರಾಮದವರೇ ಕಾಪಾಡಿಕೊಂಡರೆ ಈ ಕಷ್ಟವು ಬಹುಮಟ್ಟಿಗೆ ನೀಗುವುದು.

ಪಟ್ಟಣದ ಗೃಹಸ್ಥರಾದ ನಮ್ಮಿಂದ ಏನಾಗಬೇಕೆಂದು ಕೇಳಬಹುದು. ಆ ದಿನ ದಾವಣಗೆರೆಯಿಂದ ಹಿಂದಿರುಗಿದ ಮೇಲೆ, ಮನೆಗೆ ತಂದಿದ್ದ ರಾಗಿಯ ಚೀಲವನ್ನು ಬಿಚ್ಚಿ, ತಂದೆಯವರ ಕಾಲದ ಹಿತ್ತಾಳೆಯ ಸೇರನ್ನು ಮೊಮ್ಮಗನ ಕೈಗೆ ಕೊಟ್ಟು, ಡಬ್ಬಿಗೆ ಅಳೆದು ಹಾಕೆಂದೆನು. ಹುಡುಗನು ಬಾಗಿಲಲ್ಲಿ ಚಪ್ಪಲಿಯನ್ನು ಕಳಚಿಟ್ಟು ಬಂದು ಕುಳಿತನು. "ಲಾಭ" ಎಂದು ಗಟ್ಟಿಯಾಗಿ ಹೇಳಿ ಮೊದಲ ಸೇರನ್ನು ಎತ್ತಿದವನು, ಡಬ್ಬಿಯ ಮೇಲೆ ಕೈ ನಿಲ್ಲಿಸಿ, "ಅಜ್ಜಾ, ಇದರಲ್ಲಿ ಯಾರ್‍ಯಾರಿಗೆ ಪಾಲು?" ಎಂದು ಕೇಳಿದನು.

ಆ ಮೊದಲ ಸೇರನ್ನು ಡಬ್ಬಿಗೆ ಹಾಕಲಿಲ್ಲ. ನಮ್ಮ ಮನೆಯ ಪಾತ್ರೆ ತೊಳೆದು ಕೊಡುವ ತಾಯಿಯನ್ನು ಒಳಕ್ಕೆ ಕರೆದು, ಪಡಸಾಲೆಯಲ್ಲಿ ಕೂರಿಸಿ, ಅವಳ ಚೀಲಕ್ಕೆ ಹುಡುಗನ ಕೈಯಿಂದಲೇ ಹಾಕಿಸಿದೆವು. ಅಂದಿನಿಂದ ನಮ್ಮ ಮನೆಯಲ್ಲಿ ಯಾವ ಧಾನ್ಯದ ಚೀಲವನ್ನು ಬಿಚ್ಚಿದರೂ ಇದೇ ಪದ್ಧತಿಯನ್ನು ನಡೆಸಿಕೊಂಡು ಬರುತ್ತಿದ್ದೇವೆ.